ಚರ್ಚಿನಲ್ಲಿ ಟವೆಲ್ ಹಾಕಿದ ಸೋದರಮಾವ

ನನ್ನ ಸೋದರಮಾವನ ಜೊತೆ ಯಾರ ಮನೆಗೂ ಹೋಗಬಾರದು. ದೇವರ ಮನೆಗಂತೂ ಹೋಗಲೇಬಾರದು. ಇದು ಸುಮ್ಮನೆ ಬಾಯಿಗೆ ಬಂದದ್ದನ್ನು ಹೇಳುವವಳ ಮಾತಲ್ಲ. ಎರಡೂ ಕಡೆ ಹೋಗಿ, ಮುಖ ಎಲ್ಲಿಟ್ಟುಕೊಳ್ಳಬೇಕೆಂದು ತಿಳಿಯದೆ ವಾಪಸು ಬಂದವಳ ಮಾತು.

ಬೇರೆಯವರ ಸೋದರಮಾವಂದಿರು ಬರುವಾಗ ಕೈಯಲ್ಲಿ ಹಣ್ಣು ಹಿಡಿದು ಬರುತ್ತಾರೆ. ನಮ್ಮ ಮಾಮ ದಿಕ್ಸೂಚಿ ಹಿಡಿದು ಬರುತ್ತಾರೆ. ಹಿತ್ತಾಳೆಯದು, ಅಂಗೈಯಗಲ, ಮುಚ್ಚಳವಿರುವಂಥದು. ಮೊದಲು ಮೈಸೂರಿನಲ್ಲಿ ಕಟ್ಟಡಗಳ ಎಂಜಿನಿಯರ್ ಆಗಿದ್ದವರು, ಆಮೇಲೆ ಮೆಲ್ಬರ್ನಿಗೆ ಬಂದು ನೆಲೆಸಿದವರು. ನಾನಿರುವುದು ಸಿಡ್ನಿಯ ಕೆಲ್ಲಿವಿಲ್‌ನಲ್ಲಿ. ನಡುವೆ ಇಷ್ಟೊಂದು ದೂರವಿರುವುದು ದೇವರು ನನಗೆ ಮಾಡಿದ ಉಪಕಾರ ಎಂದು ನಾನೂ, ವಿಮಾನ ಕಂಡುಹಿಡಿದದ್ದು ಯಾರೋ ಮಾಡಿದ ಅಪಕಾರ ಎಂದು ನನ್ನ ಗಂಡನೂ ನಂಬಿದ್ದೇವೆ. ಮಾಮ ಬರುವ ವಾರ ನನ್ನ ಗಂಡ ವರ್ಕ್ ಫ್ರಮ್ ಹೋಮ್ ಬಿಟ್ಟು ದಿನವೂ ಆಫೀಸಿಗೆ ಹೋಗುತ್ತಾನೆ.

ಸಿಡ್ನಿಯದೇ ಇನ್ನೊಂದು ಬಡಾವಣೆ ಎಪ್ಪಿಂಗ್‌ನಲ್ಲಿ ಗೆಳತಿಯೊಬ್ಬಳು ಹೊಸ ಅಪಾರ್ಟ್‌ಮೆಂಟ್ ಕೊಂಡು ಗೃಹಪ್ರವೇಶಕ್ಕೆ ಕರೆದಿದ್ದಳು. ಮಾಮ ಆಗ ನಮ್ಮಲ್ಲಿದ್ದರು, ಬಿಟ್ಟು ಹೋಗುವಂತಿರಲಿಲ್ಲ. ಹಾಲಿನಲ್ಲಿ ಸತ್ಯನಾರಾಯಣ ಪೂಜೆ. ಸ್ಮೋಕ್ ಅಲಾರಂ ಕೂಗಿಬಿಟ್ಟೀತೆಂದು ಪುರೋಹಿತರು ಊದುಬತ್ತಿಯನ್ನೂ ಅಂಜುತ್ತಂಜುತ್ತಲೇ ಹಚ್ಚುತ್ತಿದ್ದರು. ಕಥೆ ಮುಗಿದು ಎಲ್ಲರೂ ಕೈಮುಗಿದು ನಿಂತಿರುವಾಗ ಬಾಲ್ಕನಿಯಿಂದ ಮಾಮನ ದನಿ ಬಂತು.

"ಇದು ಸೌತ್ ಅಲ್ವೇನಮ್ಮಾ? ಇಲ್ಲಿ ಒಣಗಿ ಹಾಕಿದ ಬಟ್ಟೆ ಮುಂದಿನ ವರ್ಷದ ಹೊತ್ತಿಗೆ ಒಣಗುತ್ತೆ."

ಗೆಳತಿಯ ಗಂಡ ಮಾರ್ಟ್‌ಗೇಜಿಗೆ ಸಹಿ ಹಾಕಿ ಇನ್ನೂ ಸುಧಾರಿಸಿಕೊಂಡಿರಲಿಲ್ಲ. ಪ್ರಸಾದದ ಚಮಚ ಕೈಯಲ್ಲೇ ನಿಂತಿತು. ನಾನು ಮಾಮನನ್ನು ಒಳಗೆಳೆದುಕೊಂಡು, "ಅವರಿಗೆ ವಾಸ್ತುವಿನ ಹುಚ್ಚು ಸ್ವಲ್ಪ ಜಾಸ್ತಿ, ಬೇಜಾರ್ ಮಾಡ್ಕೋಬೇಡಿ" ಎಂದು ಹಲ್ಲು ಕಿರಿದೆ. ಮಾಮ ಹೌದು ಎನ್ನಲಿಲ್ಲ, ಅಲ್ಲ ಎಂದೂ ಅನ್ನಲಿಲ್ಲ.

ವಾಸ್ತುವಿನ ಹುಚ್ಚ ಎಂಬ ಹೆಸರು ಹೀಗೆ ನನ್ನ ಬಾಯಿಂದಲೇ ಸಿಡ್ನಿಯ ಕನ್ನಡಿಗರ ವಾಟ್ಸಾಪ್ ಗುಂಪುಗಳಿಗೆ ಹಬ್ಬಿತು. ಹಬ್ಬಿದ ಮೇಲೆ ಗಿರಾಕಿಗಳೂ ಬರಬೇಕಲ್ಲ! ಬ್ಲ್ಯಾಕ್‌ಟೌನಿನ ಕುಟುಂಬವೊಂದು, "ಅಂಕಲ್ ಬಂದಿದ್ದಾರಂತೆ, ನಮ್ಮನೆ ದೇವರ ಕೋಣೆ ಎಲ್ಲಿರಬೇಕು ಅಂತ ಹೇಳಿಹೋಗಲಿ" ಎಂದು ಹೋಳಿಗೆ ಊಟಕ್ಕೇ ಕರೆಯಿತು. ಮಾಮ ದಿಕ್ಸೂಚಿ ಹಿಡಿದು ಇಡೀ ಮನೆ ಸುತ್ತಿದರು. ಮನೆಯವರು ಹಿಂದೆ ಹಿಂದೆ ಭಕ್ತಿಯಿಂದ ಸುತ್ತಿದರು.

"ದೇವರನ್ನ ಎಲ್ಲಿ ಇಡೋಣ ಅಂಕಲ್?"

"ಎಲ್ಲಾದ್ರೂ ಇಡಿ. ದೇವರಿಗೇನು ಸ್ವೆಟರ್ ಬೇಕಾ? ನಿಮ್ಮ ತಾಯಿ ರೂಮ್ ಯಾವುದು, ಅದನ್ನ ತೋರಿಸಿ."

ತೋರಿಸಿದರು. ಹಿಂಬದಿಯ ಕತ್ತಲೆ ಕೋಣೆ. ಆ ತಾಯಿಯನ್ನು ಮುಂದಿನ ಕೋಣೆಗೆ ಹಾಕಿ, ಅಲ್ಲಿರುವ ದೊಡ್ಡ ಟೀವಿಯನ್ನು ಹಿಂದಕ್ಕೆ ಹಾಕುವವರೆಗೆ ತಾನು ಊಟಕ್ಕೆ ಏಳುವುದಿಲ್ಲ ಎಂದು ಮಾಮ ಸೋಫಾದ ಮೇಲೆ ಕುಳಿತುಬಿಟ್ಟರು. ಮನೆಯ ಗಂಡಸರೆಲ್ಲ ಸೇರಿ ಟೀವಿ ಹೊತ್ತರು. ಹೋಳಿಗೆ ಆರಿಹೋಯಿತು. ಆ ಮನೆಯವರು ಈಗ ಇಂಡಿಯನ್ ಅಂಗಡಿಯಲ್ಲಿ ನನ್ನನ್ನು ಕಂಡರೆ ಬೇಳೆಯ ಸಾಲಿನಿಂದ ಅಕ್ಕಿಯ ಸಾಲಿಗೆ ಸರಿದುಬಿಡುತ್ತಾರೆ.

ಇಷ್ಟೆಲ್ಲ ಊರಿನ ಮನೆಗಳ ವಿಚಾರಣೆ ಮಾಡುವ ಮನುಷ್ಯ ತನ್ನ ಸ್ವಂತ ಮನೆಯ ಬಗ್ಗೆ ಮಾತ್ರ ತುಟಿ ಬಿಚ್ಚುತ್ತಿರಲಿಲ್ಲ. ಮೆಲ್ಬರ್ನಿನಲ್ಲಿ ತಾವೇ ಪ್ಲಾನ್ ಹಾಕಿ ಕಟ್ಟಿಸಿದ ಮನೆ ಅದು. ಹಾಲಿನಲ್ಲಿ ಗೋಡೆಯಷ್ಟೇ ದೊಡ್ಡ ಕಿಟಕಿ. ನಾವು ಹೋದಾಗಲೆಲ್ಲ ಅತ್ತೆ, ಎಂದರೆ ಮಾಮನ ಹೆಂಡತಿ, ಆ ಕಿಟಕಿಯ ಪಕ್ಕ ಶಾಲು ಹೊದ್ದು ಕೂತಿರುತ್ತಿದ್ದರು. "ಎಷ್ಟು ಚೆನ್ನಾಗಿದೆ ಅತ್ತೆ ಈ ಜಾಗ" ಎಂದರೆ, "ಹೂಂ ಕಣೇ, ಬೆಚ್ಚಗಿದೆ" ಎನ್ನುತ್ತಿದ್ದರು. ಅತ್ತೆ ಹೋದ ಮೇಲೆ ಆ ಕಿಟಕಿಗೆ ದಪ್ಪ ಪರದೆ ಬಿತ್ತು. ಮಾಮ ಅದನ್ನು ಸರಿಸಿದ್ದನ್ನು ನಾನು ನೋಡಿಲ್ಲ.

ಇಂಥ ಮಾಮನ ಕೈ ಹಿಡಿದು ಚರ್ಚಿನೊಳಗೆ ನಡೆದುಬರುತ್ತೇನೆಂದು ನನ್ನ ತಂಗಿ ನಿಧಿ ಹಟ ಹಿಡಿದಳು ನೋಡಿ, ಅಲ್ಲಿಗೆ ನನ್ನ ಗ್ರಹಚಾರ ಶುರುವಾಯಿತು. ನಿಧಿ ಮದುವೆಯಾಗುತ್ತಿದ್ದುದು ಟಾಮ್ ಎಂಬ ಮೆಲ್ಬರ್ನಿನ ಹುಡುಗನನ್ನು. ಭಾನುವಾರ ನಮ್ಮ ಕ್ರಮದ ಧಾರೆ, ಅದಕ್ಕೆ ಮೊದಲು ಶನಿವಾರ ಅವರ ಕ್ರಮದ ಮದುವೆ. ಟಾಮ್‌ನ ಮನೆಯವರು ತಲೆತಲಾಂತರದಿಂದ ಮದುವೆಯಾಗುತ್ತಾ ಬಂದಿರುವ ಹಳೆಯ ಚರ್ಚು. ಅಲ್ಲಿ ವಧುವನ್ನು ಕರೆತರಬೇಕಾದವನು ಅಪ್ಪ, ನಮ್ಮ ಅಪ್ಪ ಇಲ್ಲ. ವಧುವನ್ನು ಕರೆತರುವವನು ನಮ್ಮಲ್ಲಿ ಹೇಗೂ ಸೋದರಮಾವನೇ. ಹಾಗಾಗಿ ಎರಡೂ ಕಡೆಯ ಶಾಸ್ತ್ರ ಒಬ್ಬರ ತಲೆಯ ಮೇಲೇ ಬಂತು.

"ಅಕ್ಕಾ, ಟಾಮ್ ಅಮ್ಮ ತುಂಬಾ ಪರ್ಟಿಕ್ಯುಲರ್" ಎಂದು ನಿಧಿ ಫೋನಿನಲ್ಲಿ ಹೇಳಿದಳು. "ಇಂಡಿಯನ್ಸ್ ಅಂದ್ರೆ ಏನೋ ಅಂದ್ಕೊಂಡಿದ್ರು, ಈಗಷ್ಟೇ ನನ್ನನ್ನ ಇಷ್ಟ ಪಡೋಕೆ ಶುರು ಮಾಡಿದಾರೆ. ಮಾಮ ಏನೂ ಮಾಡದ ಹಾಗೆ ನೋಡ್ಕೋ. ಪ್ಲೀಸ್. ಆ ಕಂಪಾಸ್ ಕಿತ್ಕೊಂಬಿಡು."

ತಂಗಿ ಅಳುವ ಹಾಗೆ ಮಾತಾಡಿದಳು. ನಾನು ಮಾತು ಕೊಟ್ಟೆ. ಬೀಗರೆದುರು ಒಂದೇ ಒಂದು ಮಧ್ಯಾಹ್ನ ಮರ್ಯಾದೆಯಿಂದ ಕಳೆದರೆ ಸಾಕಿತ್ತು.

ಶುಕ್ರವಾರ, ಮರುದಿನ ಮದುವೆ ನಡೆಯುವ ಹೊತ್ತಿಗೇ, ರಿಹರ್ಸಲ್. ಜುಲೈ ತಿಂಗಳ ಮೆಲ್ಬರ್ನ್. ಹೊರಗೆ ತೆಳ್ಳಗೆ ಬಿಸಿಲು, ಚರ್ಚಿನ ಒಳಗೆ ಫ್ರಿಜ್ಜಿನ ಬಾಗಿಲು ತೆರೆದಿಟ್ಟಷ್ಟು ಚಳಿ. ಟಾಮ್‌ನ ತಾಯಿ ಮಾರ್ಗರೆಟ್ ನಮ್ಮನ್ನು ಎದುರುಗೊಂಡು ಪಾದ್ರಿಗಳಿಗೆ ಪರಿಚಯಿಸಿದರು. ಚರ್ಚಿನ ಹೂಗಳ ಜವಾಬ್ದಾರಿ ಆಕೆಯದು. ಒಂದೊಂದು ಹೂವೂ ಆಕೆಗೆ ಹೆದರಿ ನೆಟ್ಟಗೆ ನಿಂತಿತ್ತು. ಪಾದ್ರಿಗಳು ಒಳ್ಳೆಯ ಮನುಷ್ಯ, ಚರ್ಚಿನ ಕಥೆ ಹೇಳುವುದೆಂದರೆ ಅವರಿಗೆ ಪ್ರಾಣ.

ಆ ಕಥೆ ಹೀಗಿತ್ತು. ಇಂಗ್ಲೆಂಡಿನಿಂದ ಬಂದು ಇಲ್ಲಿ ಬೀಡುಬಿಟ್ಟ ಜನಕ್ಕೆ ತಮ್ಮ ಹಳ್ಳಿಯ ಚರ್ಚಿನಂಥದೇ ಚರ್ಚು ಬೇಕೆನ್ನಿಸಿತು. ಅಲ್ಲಿನ ವಾಸ್ತುಶಿಲ್ಪಿಯೊಬ್ಬನಿಗೆ ಬರೆದರು. ಅವನು ಆಸ್ಟ್ರೇಲಿಯಾ ಕಂಡವನಲ್ಲ. ತನಗೆ ಗೊತ್ತಿದ್ದ ಹಾಗೆ ನಕ್ಷೆ ಬರೆದು ಹಡಗಿನಲ್ಲಿ ಕಳಿಸಿದ. ಇಲ್ಲಿಯವರು ಗೆರೆ ತಪ್ಪದೆ ಕಪ್ಪುಕಲ್ಲಿನಲ್ಲಿ ಕಟ್ಟಿದರು. ಹಿಮ ಜಾರಿ ಬೀಳಲೆಂದು ಚಾವಣಿ ಕಡಿದಾಗಿದೆ. ಹಿಮ ಮಾತ್ರ ಇವತ್ತಿನವರೆಗೆ ಬಿದ್ದಿಲ್ಲ. ಪೂಜೆಯ ವೇದಿಕೆ ಪೂರ್ವಕ್ಕೆ. ಮುಖ್ಯ ಬಾಗಿಲು ಮತ್ತು ಅದರ ಮುಂದಿನ ಕಲ್ಲಿನ ಮಂಟಪ ದಕ್ಷಿಣಕ್ಕೆ. ಬಣ್ಣದ ಗಾಜಿನಲ್ಲಿ ಸಂತರನ್ನು ಮೂಡಿಸಿದ ದೊಡ್ಡ ಕಿಟಕಿಗಳೂ ದಕ್ಷಿಣಕ್ಕೇ. ಉತ್ತರದ ಗೋಡೆ ಹೆಚ್ಚುಕಡಿಮೆ ಬೋಳು. ಎತ್ತರದಲ್ಲಿ ಎರಡು ಕಿರಿದಾದ ಕಿಟಕಿ, ಕೆಳಗೊಂದು ಗಿಡ್ಡ ಬಾಗಿಲು.

ನಾನು ಮಾಮನ ಕೈಯನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದೆ. ದಿಕ್ಸೂಚಿಯನ್ನು ಬೆಳಿಗ್ಗೆಯೇ ಕಿತ್ತುಕೊಂಡು ನನ್ನ ಬ್ಯಾಗಿಗೆ ಹಾಕಿಯಾಗಿತ್ತು. ಆದರೆ ಬಾಯಿ ಕಿತ್ತುಕೊಳ್ಳುವುದು ಹೇಗೆ?

"ಫಾದರ್, ಚರ್ಚು ಕಟ್ಟಿದಾಗಿನಿಂದ ನಿಮ್ಮ ಸಂತರು ಬಿಸಿಲೇ ಕಂಡಿಲ್ಲವಲ್ಲ" ಎಂದು ಮಾಮ ಇಂಗ್ಲಿಷಿನಲ್ಲಿ ಹೇಳಿದರು. "ಇಂಗ್ಲೆಂಡಿನಲ್ಲಿ ಸೂರ್ಯ ದಕ್ಷಿಣದ ಕಡೆಯಿಂದ ಹಾದು ಹೋಗುತ್ತಾನೆ. ಇಲ್ಲಿ ಉತ್ತರದಿಂದ. ನಕ್ಷೆಯನ್ನು ತಿರುಗಿಸಿ ಕಟ್ಟಬೇಕಿತ್ತು."

ಮಾರ್ಗರೆಟ್‌ರ ತುಟಿ ಸಣ್ಣ ಗೆರೆಯಾಯಿತು. ಪಾದ್ರಿಗಳು ಮಾತ್ರ ನಕ್ಕು, "ಉತ್ತರದ ಆ ಸಣ್ಣ ಬಾಗಿಲಿಗೆ ಹಳೆಯ ಜನ ದೆವ್ವದ ಬಾಗಿಲು ಅನ್ನುತ್ತಿದ್ದರು. ಇಂಗ್ಲೆಂಡಿನಲ್ಲಿ ಉತ್ತರವೆಂದರೆ ಚಳಿ, ಕತ್ತಲೆ. ಮಗುವಿಗೆ ಜ್ಞಾನಸ್ನಾನ ಮಾಡಿಸುವಾಗ ದೆವ್ವ ಹೊರಗೆ ಹೋಗಲಿ ಅಂತ ಅದನ್ನು ತೆರೆದಿಡುತ್ತಿದ್ದರಂತೆ" ಎಂದರು.

"ಹಾಗಾದ್ರೆ ಇಲ್ಲಿ ದೆವ್ವಕ್ಕೆ ಒಳ್ಳೇ ಬಿಸಿಲು" ಎಂದರು ಮಾಮ.

ಪಾದ್ರಿಗಳು ಬಿದ್ದು ಬಿದ್ದು ನಕ್ಕರು. ಮಾರ್ಗರೆಟ್ ನಗಲಿಲ್ಲ. ನಾನು ಯಾರ ಕಡೆಯೂ ಸೇರಲಾಗದೆ ಕೆಮ್ಮಿದೆ. ಆಮೇಲೆ ಗೊತ್ತಾಯಿತು: ಚರ್ಚಿನಲ್ಲಿ ಹೆಣ್ಣಿನ ಕಡೆಯವರು ಎಡಕ್ಕೆ ಕೂರಬೇಕು, ಗಂಡಿನ ಕಡೆಯವರು ಬಲಕ್ಕೆ. ಪೂರ್ವಕ್ಕೆ ಮುಖ ಮಾಡಿದರೆ ಎಡಗಡೆ ಎಂದರೆ ಉತ್ತರ. ದೆವ್ವದ ಬಾಗಿಲಿನ ಪಕ್ಕ ನಾವು, ಸಂತರ ಪಕ್ಕ ಅವರು!

ನಿಧಿ ಮತ್ತು ಟಾಮ್ ಪ್ರತಿಜ್ಞೆಯ ಮಾತು ಅಭ್ಯಾಸ ಮಾಡುತ್ತಿರುವಾಗ ಮಾಮ ಎಡಗಡೆಯ ಬೆಂಚುಗಳಲ್ಲಿ ಒಂದರಿಂದ ಇನ್ನೊಂದಕ್ಕೆ ಜರುಗುತ್ತಾ ಕೂತೆದ್ದರು. ಉತ್ತರದ ಕಿರುಕಿಟಕಿಯಿಂದ ಒಂದು ಚೂರು ಬಿಸಿಲು ಇಳಿದಿತ್ತು. ಅದು ಹೋದಲ್ಲಿಗೆ ಇವರೂ ಹೋಗುತ್ತಿದ್ದರು. ಬಲಗಡೆ ಮುಂದಿನ ಬೆಂಚಿನಲ್ಲಿ ಟಾಮ್‌ನ ಅಜ್ಜಿ, ಮಾರ್ಗರೆಟ್ ಅವರ ತಾಯಿ, ಕೂತಿದ್ದರು. ಎಲ್ಲರೂ ಅವರನ್ನು ನ್ಯಾನ್ ಎಂದು ಕರೆಯುತ್ತಾರೆ. ಕೋಟಿನ ಮೇಲೊಂದು ಕೋಟು, ಮಂಡಿಯ ಮೇಲೆ ಕಂಬಳಿ, ಆದರೂ ಕೈ ಗದಗುಟ್ಟುತ್ತಿತ್ತು. ಮಾಮ ಅವರನ್ನೂ ಒಮ್ಮೆ ನೋಡಿದರು. ನಾನು ಅದನ್ನು ಗಮನಿಸಿಯೂ ಏನೂ ಯೋಚಿಸಲಿಲ್ಲ. ಯೋಚಿಸಬೇಕಿತ್ತು.

ಶನಿವಾರ ಚರ್ಚಿಗೆ ಕಾಲಿಟ್ಟವಳಿಗೆ ಮೊದಲು ಕಂಡದ್ದು ಎಡಗಡೆಯ ಮೂರನೇ ಬೆಂಚಿನ ತುದಿಯಲ್ಲಿ ಹಾಸಿದ್ದ ಟವೆಲು. ಬಿಳಿ ರೇಷ್ಮೆ ರಿಬ್ಬನ್ನು, ಬಿಳಿ ಹೂವು, ನಡುವೆ ನಮ್ಮ ಕೆಂಪು ಗೀರಿನ ಟವೆಲು. ಮೈಸೂರಿನ ಬಸ್ ಸ್ಟ್ಯಾಂಡಿನಲ್ಲಿ ಕಿಟಕಿಯೊಳಗೆ ಕೈತೂರಿಸಿ ಸೀಟು ಹಿಡಿದು ಪಳಗಿದ ಕೈ, ಎಲ್ಲಿ ಹೋದರೂ ಬಿಡುತ್ತದೆಯೇ? ಅತಿಥಿಗಳನ್ನು ಕೂರಿಸಲು ನಿಂತಿದ್ದ ಟಾಮ್‌ನ ಗೆಳೆಯರು ಅದನ್ನು ಬಗ್ಗಿ ಬಗ್ಗಿ ನೋಡುತ್ತಿದ್ದರು. ಏನೋ ಹಿಂದೂ ಸಂಪ್ರದಾಯವಿರಬೇಕೆಂದು ಗೌರವದಿಂದ ಸುತ್ತು ಬಳಸಿ ಓಡಾಡುತ್ತಿದ್ದರು. ತೆಗೆಯಲು ಹೋದ ನನ್ನನ್ನು ಅಮ್ಮ ತಡೆದರು.

"ಬಿಡೇ, ನನ್ನ ತಮ್ಮ ಯಾರಿಗೋ ಸೀಟ್ ಹಿಡಿದಿದಾನೆ. ನೀನು ತೆಗೆದ್ರೆ ಮತ್ತೆ ಬಂದು ಹಾಕ್ತಾನೆ, ಎಲ್ಲರೆದುರಿಗೆ."

ಮಾತು ಸರಿಯೇ. ನಾನು ಕೂತೆ. ಮಾಮ ಬಾಗಿಲಲ್ಲಿ ನಿಧಿಯ ಕಾರಿಗಾಗಿ ಕಾಯುತ್ತಿದ್ದರು. ಸೂಟು, ತಲೆಗೆ ಜರಿಯ ಮೈಸೂರು ಪೇಟ. ಇಲ್ಲಿ ಒಂದು ಸಂಗತಿ ಹೇಳಬೇಕು. ಆರ್ಗನ್ ನುಡಿಸುವವರು ಮಹಡಿಯಲ್ಲಿ ಬಾಗಿಲಿಗೆ ಬೆನ್ನು ಹಾಕಿ ಕೂರುತ್ತಾರೆ, ಒಳಬರುವವರು ಕಾಣಲೆಂದು ಎದುರಿಗೆ ಸಣ್ಣ ಕನ್ನಡಿಯೊಂದಿರುತ್ತದೆ. ಮಾರ್ಗರೆಟ್ ಅವರಿಗೆ ಸ್ಪಷ್ಟವಾಗಿ ತಿಳಿಸಿದ್ದರು: ಜರಿಪೇಟದ ಮನುಷ್ಯ ಒಬ್ಬ ಹೆಂಗಸಿನ ಕೈ ಹಿಡಿದು ಒಳಗೆ ಬಂದ ತಕ್ಷಣ ವಧುವಿನ ಸಂಗೀತ ಶುರು ಮಾಡಿ.

ನಿಧಿಗಿಂತ ಮೊದಲು ನ್ಯಾನ್ ಬಂದರು. ಕೆನೆಬಣ್ಣದ ಕೋಟು, ಅದೇ ಬಣ್ಣದ ಟೋಪಿ. ಟಾಮ್‌ನ ಗೆಳೆಯನೊಬ್ಬ ಅವರನ್ನು ಬಲಗಡೆಗೆ ಕರೆದೊಯ್ಯಲು ಮುಂದೆ ಬಂದ. ಮಾಮ ಅವನನ್ನು ನಯವಾಗಿ ಪಕ್ಕಕ್ಕೆ ಸರಿಸಿ, ನ್ಯಾನ್‌ಗೆ ಬಾಗಿ ನಮಸ್ಕರಿಸಿ, ತಮ್ಮ ತೋಳು ಮುಂದೆ ಮಾಡಿದರು. ನ್ಯಾನ್ ಹಿಡಿದುಕೊಂಡರು. ಇಬ್ಬರೂ ನಡುದಾರಿಗೆ ಕಾಲಿಟ್ಟರು.

ಆರ್ಗನ್ ಮೊಳಗಿತು.

ಚರ್ಚಿಗೆ ಚರ್ಚೇ ಎದ್ದು ನಿಂತಿತು. ಮುಂದೆ ನಿಂತಿದ್ದ ಟಾಮ್ ಕಣ್ಣಲ್ಲಿ ನೀರು ತುಂಬಿಕೊಂಡು ತಿರುಗಿ ನೋಡಿದ. ನೋಡಿದರೆ, ನಗುನಗುತ್ತಾ ಬರುತ್ತಿರುವುದು ತನ್ನ ಅಜ್ಜಿ! ಫೋಟೋಗ್ರಾಫರ್ ಅಭ್ಯಾಸಬಲದಿಂದ ಕ್ಲಿಕ್ಕಿಸುತ್ತಲೇ ಹೋದ. ನ್ಯಾನ್ ಹೆಜ್ಜೆಗೊಮ್ಮೆ ನಿಂತು ಸುಧಾರಿಸಿಕೊಂಡು, ಎರಡೂ ಕಡೆಯವರಿಗೆ ತಲೆಯಾಡಿಸುತ್ತಾ ಬಂದರು. ಅವರಿಗೆ ಅವಸರವೇನೂ ಇದ್ದಂತೆ ಕಾಣಲಿಲ್ಲ. ಹೊರಗೆ ಕಾರಿನಿಂದ ಇಳಿದ ನಿಧಿ ದಕ್ಷಿಣದ ಮಂಟಪದ ಚಳಿಯಲ್ಲಿ ಒಬ್ಬಳೇ ನಿಂತು, ತಾನಿಲ್ಲದೆ ನಡೆಯುತ್ತಿರುವ ತನ್ನ ಮದುವೆಯ ಸಂಗೀತವನ್ನು ಕೇಳಿಸಿಕೊಳ್ಳುತ್ತಿದ್ದಳಂತೆ.

ಮಾರ್ಗರೆಟ್ ಓಡಿಬಂದು ಪಿಸುಗುಟ್ಟಿದರು. "ಕ್ಷಮಿಸಿ, ಅವರು ಗಂಡಿನ ಅಜ್ಜಿ. ಆ ಕಡೆ ಕೂರಬೇಕು."

"ಗೊತ್ತು ಮೇಡಂ. ಆ ಕಡೆ ಅವರಿಗೆ ಚಳಿಯಾಗುತ್ತೆ" ಎಂದರು ಮಾಮ. ಮಾತು ಮೆಲ್ಲಗೇ ಆಡಿದ್ದು, ಆದರೆ ಅಷ್ಟರಲ್ಲಿ ಸಂಗೀತ ಮುಗಿದಿತ್ತು. ಎಲ್ಲರಿಗೂ ಕೇಳಿಸಿತು. ಸ್ವಂತ ತಾಯಿಯನ್ನು ಚಳಿಯಲ್ಲಿ ಕೂರಿಸಿದವಳು ಎಂದು ತುಂಬಿದ ಸಭೆಯಲ್ಲಿ ಅಂದ ಹಾಗಾಯಿತು. ಮಾರ್ಗರೆಟ್ ಕಿವಿಯವರೆಗೆ ಕೆಂಪಾದರು. ಮಾಮ ನ್ಯಾನ್‌ರನ್ನು ಟವೆಲಿನ ಮೇಲೆ ಕೂರಿಸಿ, ಬಿಸಿಲು ಅವರ ಮಡಿಲಿಗೆ ಸರಿಯಾಗಿ ಬೀಳುತ್ತಿದೆಯೇ ಎಂದು ತಲೆ ಓರೆ ಮಾಡಿ ನೋಡಿ, ನಿಧಿಯನ್ನು ಕರೆತರಲು ಹೊರಟರು. ಮತ್ತೆ ಆರ್ಗನ್. ಮತ್ತೆ ಎಲ್ಲರೂ ಎದ್ದರು. ಈ ಸಲ ನಗು ತಡೆದುಕೊಂಡು ಎದ್ದರು. ನನ್ನ ತಂಗಿ ತನ್ನ ಮದುವೆಗೆ ಎರಡನೆಯವಳಾಗಿ ನಡೆದು ಬಂದಳು. ಅವಳು ನನ್ನ ಕಡೆ ಹಾಯಿಸಿದ ನೋಟವನ್ನು ನಾನು ಸಾಯುವವರೆಗೆ ಮರೆಯುವಂತಿಲ್ಲ. ನೆಲ ಬಾಯಿ ಬಿಟ್ಟಿದ್ದರೆ ನಾನು ಸೀರೆಯ ನೆರಿಗೆ ಎತ್ತಿಕೊಂಡು ಖುಷಿಯಿಂದ ಇಳಿದುಬಿಡುತ್ತಿದ್ದೆ.

ಮದುವೆ ಮುಗಿದು ಎಲ್ಲರೂ ಪಕ್ಕದ ಹಾಲಿನಲ್ಲಿ ಚಹಾ ಕುಡಿಯುತ್ತಿರುವಾಗ ಮಾಮನನ್ನು ಹುಡುಕಿಕೊಂಡು ಹೋದೆ. ಬೈಯಲೆಂದೇ ಹೋದೆ. ಅವರು ಚರ್ಚಿನ ಉತ್ತರದ ಗೋಡೆಗೆ ಒರಗಿ, ದೆವ್ವದ ಬಾಗಿಲಿನ ಹೊರಬದಿಯ ಮರದ ಬೆಂಚಿನ ಮೇಲೆ, ಪೇಟ ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ಪಕ್ಕದಲ್ಲೇ ಚರ್ಚಿನ ಕಸದ ಡಬ್ಬಿಗಳು.

"ಮಾಮ, ನಮ್ಮ ಮಾನ ಉಳೀತಾ ಇವತ್ತು? ನಿಧಿ ಮುಖ ನೋಡಿದ್ರಾ? ಬೀಗರ ಮನೆಯ ದೇವರ ಎದುರಿಗಾದ್ರೂ ನಿಮ್ಮ ವಾಸ್ತು ಬಿಡಬಾರದಾ?"

"ವಾಸ್ತು ನನಗೆ ಗೊತ್ತಿಲ್ಲ ಕಣೇ ಪುಟ್ಟಿ" ಎಂದರು. "ನಾನು ಯಾವತ್ತಾದ್ರೂ ಆ ಮಾತು ಆಡಿದೀನಾ? ನೀವು ಅಂದ್ರಿ. ನಾನು ಸುಮ್ಮನಿದ್ದೆ."

"ಯಾಕೆ ಸುಮ್ಮನಿದ್ರಿ?"

ಮಾಮ ಪೇಟದ ಜರಿಯನ್ನು ಬೆರಳಿನಿಂದ ತೀಡುತ್ತಾ ಕೂತರು. ಅವರ ಮುಖದಲ್ಲಿ ನಾನು ನಾಚಿಕೆ ಕಂಡದ್ದು ಅದೇ ಮೊದಲು.

"ಎಂಜಿನಿಯರ್ ಆಗಿ ಸೂರ್ಯ ಯಾವ ಕಡೆ ಅಂತ ಗೊತ್ತಾಗಲಿಲ್ಲ ಅನ್ನಿಸ್ಕೊಳ್ಳೋದಕ್ಕಿಂತ ವಾಸ್ತು ಹುಚ್ಚ ಅನ್ನಿಸ್ಕೊಳ್ಳೋದು ವಾಸಿ ಅಂತ. ನಿಮ್ಮ ಅತ್ತೆಗೆ ಕೀಲು ನೋವು, ಚಳಿ ತಡೀತಿರಲಿಲ್ಲ. ಬಿಸಿಲು ಕಾಯೋಕೆ ಇವಳಿಗೊಂದು ಜಾಗ ಮಾಡ್ಕೊಡ್ತೀನಿ ಅಂತ ಆ ದೊಡ್ಡ ಕಿಟಕಿ ಇಡಿಸಿದೆ. ದಕ್ಷಿಣಕ್ಕೆ. ಮೈಸೂರಲ್ಲಿ ಚಳಿಗಾಲದ ಬಿಸಿಲು ಬರೋದು ಆ ಕಡೆಯಿಂದ ತಾನೇ? ಬಿಲ್ಡರ್ ಹೇಳಿದ, ಪ್ಲಾನ್ ತಿರುಗಿಸೋಣ ಸರ್ ಅಂತ. ನನಗೆ ಹೇಳ್ಕೊಡ್ತಾನಾ ಅಂತ ನಾನು ಕೇಳಲಿಲ್ಲ. ಓದಿದ್ದೆ ಕಣೇ, ಎಲ್ಲ ಗೊತ್ತಿತ್ತು. ಕೈ ಮಾತ್ರ ಮೈಸೂರಿನ ಹಾಗೇ ಗೆರೆ ಎಳೀತು."

ನಾನು ಅವರ ಪಕ್ಕ ಕೂತೆ.

"ಒಂದು ದಿನವೂ ಬಿಸಿಲು ಬರಲಿಲ್ಲ ಅಲ್ಲಿಗೆ. ಅವಳು ಒಂದು ಮಾತು ಅನ್ನಲಿಲ್ಲ. ದಿನಾ ಅಲ್ಲೇ ಕೂತ್ಕೊಳ್ಳೋಳು. ಕೇಳಿದ್ರೆ, ಬೆಚ್ಚಗಿದೆ ರೀ, ಅನ್ನೋಳು. ಒಂದು ದಿನ ನಾನು ಆಫೀಸಿಂದ ಬೇಗ ಬಂದೆ. ಗ್ಯಾರೇಜ್ ಪಕ್ಕ, ಉತ್ತರದ ಕಡೆ, ಕಸದ ಡಬ್ಬಿಗಳ ಮಧ್ಯೆ ಸ್ಟೂಲ್ ಹಾಕ್ಕೊಂಡು ಕೂತಿದ್ಲು. ಕಣ್ಣು ಮುಚ್ಕೊಂಡು, ಬಿಸಿಲಿಗೆ ಮುಖ ಮಾಡ್ಕೊಂಡು. ನನ್ನ ನೋಡಿ ಗಡಬಡಿಸಿ ಎದ್ದು, ಕಸ ಹಾಕೋಕೆ ಬಂದೆ ಅಂದ್ಲು." ಮಾಮ ಪಕ್ಕದ ಡಬ್ಬಿಗಳ ಕಡೆ ನೋಡಿದರು. "ಕೈಯಲ್ಲಿ ಕಸ ಇರಲಿಲ್ಲ ಪುಟ್ಟಿ. ನಾನು ಹೂಂ ಅಂತ ಒಳಗೆ ಹೋದೆ. ಅವಳಿಗೆ ಗೊತ್ತಿದೆ ಅಂತ ನನಗೆ ಗೊತ್ತು, ನನಗೆ ಗೊತ್ತಾಯ್ತು ಅಂತ ಅವಳಿಗೆ ಗೊತ್ತು. ಕೊನೇವರೆಗೂ ಇಬ್ಬರೂ ಅದನ್ನ ಆಡಲಿಲ್ಲ."

ಬೆಳಗಿನಿಂದ ಇವರನ್ನು ಕಂಡು ನಾಚಿಕೊಂಡಿದ್ದೆ. ಆ ನಾಚಿಕೆಯ ಮೇಲೇ ಈಗ ನಾಚಿಕೆಯಾಯಿತು.

ಅಷ್ಟರಲ್ಲಿ ಚರ್ಚಿನ ಮೂಲೆ ತಿರುಗಿ ಮಾರ್ಗರೆಟ್ ಬಂದರು. ಕೈ ಖಾಲಿ. ಜಗಳಕ್ಕೆ ಬಂದರೆಂದು ನಾನು ಎದ್ದು ನಿಂತೆ. ಅವರು ಮಾಮನ ಕಡೆ ತಿರುಗಿ, "ನಿಮ್ಮ ಟವೆಲ್ ತರೋಣ ಅಂತ ಹೋದೆ. ಅಮ್ಮ ಅದರ ಮೇಲೇ ನಿದ್ದೆ ಹೋಗಿದ್ದಾರೆ, ಏಳಿಸಲು ಮನಸ್ಸು ಬರಲಿಲ್ಲ" ಎಂದರು. ಹೋಗುವ ಮುಂಚೆ ಒಂದು ಕ್ಷಣ ತಡೆದು, "ಪ್ರತಿ ಭಾನುವಾರ ಅವರನ್ನು ಇನ್ನೊಂದು ಕಡೆಯೇ ಕೂರಿಸುತ್ತಿದ್ದೆ. ನಮ್ಮ ಮನೆಯವರು ಯಾವಾಗಲೂ ಕೂರುವುದು ಅಲ್ಲೇ ಅಂತ" ಎಂದಷ್ಟೇ ಹೇಳಿದರು. ಮಾಮ, "ನಾವೆಲ್ಲ ಹಾಗೇ ಮೇಡಂ" ಎಂದರು.

ಅವರು ಹೋದ ಮೇಲೆ ನಾನು ಬ್ಯಾಗಿನಿಂದ ದಿಕ್ಸೂಚಿ ತೆಗೆದು ಮಾಮನ ಕೈಗಿಟ್ಟೆ. ಅವರು ಅದನ್ನು ತೆರೆಯದೆ ಜೇಬಿಗೆ ಹಾಕಿಕೊಂಡರು. ಬಿಸಿಲು ಪಶ್ಚಿಮಕ್ಕೆ ಜರುಗಿ, ಡಬ್ಬಿಗಳ ನೆರಳು ಬೆಂಚಿನ ನನ್ನ ತುದಿಗೆ ಬಂದಿತ್ತು.

"ಈ ಕಡೆ ಸರ್ಕೋ, ನೆರಳಲ್ಲಿ ಕೂತಿದೀಯ" ಎಂದು ಮಾಮ ತಾವು ಸರಿದು ಜಾಗ ಬಿಟ್ಟರು.

ಸರಿದು ಕೂತೆ. ಏನಾದರೂ ಹೇಳಬೇಕೆನ್ನಿಸಿತು. ಬಾಯಿಗೆ ಬಂದದ್ದು ಅತ್ತೆಯ ಮಾತೇ.

"ಬೆಚ್ಚಗಿದೆ ಮಾಮ."

ಅವರು ತಿರುಗಿ ನನ್ನ ಮುಖವನ್ನೇ ನೋಡಿದರು, ಸುಳ್ಳು ಹೇಳುತ್ತಿದ್ದೇನೆಯೇ ಎಂದು ಹುಡುಕುವವರ ಹಾಗೆ. ಆಮೇಲೆ ತಮ್ಮ ಅಂಗೈಯನ್ನು ಬೆಂಚಿನ ಹಲಗೆಯ ಮೇಲಿಟ್ಟು ನೋಡಿದರು. ಹಲಗೆ ನಿಜವಾಗಿಯೂ ಬೆಚ್ಚಗಿತ್ತು.